ಮಾಡಿ ತೋರಿಸಿ ಸಾರ್

ಬ್ರೇಕ್ ಪ್ಯಾಡ್ ಹಾಕಿಸಿ ಸರಿಯಾಗಿ 14 ಗಂಟೆ ಆಗಿತ್ತು. ನಿನ್ನೆ ಸಂಜೆ ಆರಕ್ಕೆ ಗ್ಯಾರೇಜಿನಿಂದ ತಂದು ನಿಲ್ಲಿಸಿದ ಕಾರನ್ನು ಇವತ್ತು ಬೆಳಿಗ್ಗೆ ಎಂಟಕ್ಕೆ ಗೇಟಿನಿಂದ ಹೊರಗೆ ತೆಗೆದೆ. ಬ್ರೇಕ್ ಒತ್ತಿದೆ. ಕೀಂಯ್ ಅಂತು.

ಹಳೇ ಪ್ಯಾಡ್ ಕೂಡ ಇಷ್ಟು ಸ್ಪಷ್ಟವಾಗಿ ಕೂಗಿರಲಿಲ್ಲ. ಕಿಟಕಿಯಲ್ಲಿ ನಿಂತಿದ್ದ ಹೆಂಡತಿ ಏನೂ ಹೇಳಲಿಲ್ಲ. ಸುಮ್ನೆ ನೋಡಿದಳು. ಮದುವೆಯಾದವರಿಗೆ ಗೊತ್ತಿರುತ್ತೆ, ಆ ನೋಟಕ್ಕಿಂತ ಬೈಗುಳವೇ ವಾಸಿ.

ಕೋಪ ಇನ್ನೂ ಇಳಿದಿಲ್ಲ. ಇಳಿಯುವಷ್ಟರಲ್ಲಿ ಬರೆದುಬಿಡೋಣ ಅಂತ ಕೂತಿದ್ದೇನೆ.

ಇದೆಲ್ಲ ಶುರುವಾದದ್ದು ತಿಂಗಳ ಹಿಂದೆ. ಮೊದಲು ಕೇಳಿಸಿಕೊಂಡವನು ನಾನೇ. ಬ್ರೇಕ್ ಒತ್ತಿದಾಗಲೆಲ್ಲ ಮುಂದಿನ ಚಕ್ರದ ಕಡೆಯಿಂದ ಸಣ್ಣಗೆ, ಸೊಳ್ಳೆಗೆ ಗಂಟಲು ಕಟ್ಟಿದ ಹಾಗೆ, ಒಂದು ಕೀಂಯ್. ಕಾರಿನಲ್ಲಿ ಹೊಸ ಸದ್ದು ಬಂದರೆ ಜವಾಬ್ದಾರಿಯುಳ್ಳ ಗೃಹಸ್ಥ ಏನು ಮಾಡುತ್ತಾನೋ ನಾನೂ ಅದನ್ನೇ ಮಾಡಿದೆ. ರೇಡಿಯೋ ಜೋರು ಮಾಡಿದೆ. ಮೂರು ವಾರ ಆರಾಮಾಗಿತ್ತು.

ಆ ಕೀಂಯ್ ಏನೋ ಕೆಟ್ಟು ಬಂದ ಸದ್ದಲ್ಲ, ಬೇಕಂತಲೇ ಇಟ್ಟ ಸದ್ದು ಅಂತ ಆಮೇಲೆ ತಿಳಿಯಿತು. ಬ್ರೇಕ್ ಪ್ಯಾಡ್ ಅಂದರೆ ಒಂದು ಉಕ್ಕಿನ ತಗಡು, ಅದರ ಮೇಲೆ ಅಂಟಿಸಿದ ಗಟ್ಟಿ ಪದರ. ಚಕ್ರದ ಜೊತೆ ತಿರುಗುವ ಲೋಹದ ತಟ್ಟೆಯನ್ನು, ಅಂದರೆ ಡಿಸ್ಕನ್ನು, ಹಿಡಿದು ಉಜ್ಜಿ ಸವೆಯುವುದು ಈ ಪದರ. ಹೊಸದರಲ್ಲಿ ಅದು ಸುಮಾರು 10-12 ಮಿಲಿಮೀಟರ್ ದಪ್ಪ ಇರುತ್ತದೆ. ಸುಮಾರು 3 ಮಿಲಿಮೀಟರಿಗೆ ಇಳಿದರೆ ಬದಲಾಯಿಸಬೇಕು. ನಮ್ಮ ಕಾರಿನ ಪ್ಯಾಡಿನ ಅಂಚಿಗೆ ಒಂದು ಬಾಗಿದ ಉಕ್ಕಿನ ನಾಲಿಗೆ ಇದೆ. ಪದರ ಅಷ್ಟು ಸವೆದ ಕೂಡಲೇ ಆ ನಾಲಿಗೆ ತಿರುಗುವ ಡಿಸ್ಕಿಗೆ ತಗುಲಿ ಕಿರುಚುತ್ತದೆ. ಅಂದರೆ ಎಲ್ಲೋ ಕೂತ ಒಬ್ಬ ಇಂಜಿನಿಯರ್, ನನ್ನಂಥವನು ಬಗ್ಗಿ ನೋಡುವ ಪೈಕಿ ಅಲ್ಲ ಅಂತ ಗೊತ್ತಿದ್ದೇ ಈ ನಾಲಿಗೆ ಇಟ್ಟಿದ್ದಾನೆ. ಅದೇ ಕಾರಿಗೆ ಇನ್ನೊಬ್ಬ ಇಂಜಿನಿಯರ್ ರೇಡಿಯೋಗೆ ವಾಲ್ಯೂಮ್ ಗುಂಡಿ ಇಟ್ಟಿದ್ದಾನೆ. ಇವರಿಬ್ಬರೂ ಮಾತಾಡಿಕೊಳ್ಳದಿದ್ದರೆ ನನ್ನದೇನು ತಪ್ಪು?

ಹಾಗಂತ ನಾನು ನೋಡಲೇ ಇಲ್ಲ ಅಂತಲ್ಲ. ಒಂದು ರಾತ್ರಿ ಮೊಬೈಲ್ ಟಾರ್ಚ್ ಹಿಡಿದು ಚಕ್ರದ ಸಂದಿಯಲ್ಲಿ ಇಣುಕಿದೆ. ಪ್ಯಾಡ್ ಕಾಣಿಸಿತು. ದಪ್ಪಗೆ, ಆರೋಗ್ಯವಾಗಿತ್ತು. ಇನ್ನೂ ಒಂದು ವರ್ಷ ತೊಂದರೆ ಇಲ್ಲ ಅಂತ ಮನೆಯವರಿಗೆಲ್ಲ ಘೋಷಿಸಿದೆ. ಒಂದೊಂದು ಚಕ್ರದಲ್ಲಿ ಎರಡೆರಡು ಪ್ಯಾಡ್ ಇರುತ್ತವೆ, ಡಿಸ್ಕಿನ ಹೊರಗೊಂದು ಒಳಗೊಂದು, ಸಂದಿಯಲ್ಲಿ ಕಾಣುವುದು ಹೊರಗಿನದು ಮಾತ್ರ ಅನ್ನುವುದು ಆ ರಾತ್ರಿ ನನಗೆ ಹೊಳೆಯಲಿಲ್ಲ.

ಇಲ್ಲಿ ಅಪ್ಪನ ವಿಷಯ ಹೇಳಬೇಕು. ಅಪ್ಪ ಕೂರುವುದು ಮುಂದೆ, ನನ್ನ ಪಕ್ಕದಲ್ಲಿ. ಆ ಕಡೆ ಪೆಡಲ್ ಇಲ್ಲ. ಅದು ಅಪ್ಪನ ಕಾಲಿಗೆ ಗೊತ್ತಿಲ್ಲ. ಮುಂದಿನ ಲಾರಿ ಇನ್ನೂ ಅರ್ಧ ಫರ್ಲಾಂಗ್ ದೂರ ಇರುವಾಗಲೇ ಅವರ ಬಲಗಾಲು ನೆಲ ಒತ್ತುತ್ತದೆ. ನಾನು ಬ್ರೇಕ್ ಹಾಕುವ ಹೊತ್ತಿಗೆ ಅಪ್ಪ ಹಾಕಿ, ಬಿಟ್ಟು, ಎರಡನೇ ಸಲ ಹಾಕಿರುತ್ತಾರೆ. ಮಾತಿಲ್ಲ, ಕತೆಯಿಲ್ಲ, ಕಣ್ಣು ರಸ್ತೆಯ ಮೇಲೇ. ಒಂದು ದಿನ ಹೀಗೇ ಒತ್ತುತ್ತಾ ಹೇಳಿದರು, "ಲೋ, ನನ್ನ ಕಾಲ ಕೆಳಗೆ ಗರಗರ ಅಂತಿದೆ ಕಣೋ."

"ಅದು ರೋಡು ಅಪ್ಪ," ಅಂದೆ.

ಕೊನೆಗೂ ಕಳೆದ ವಾರ ಗ್ಯಾರೇಜಿಗೆ ಹೋದೆವು. ಹೋದೆವು ಅಂದರೆ ಇಡೀ ಸಂಸಾರ. ಯಾವುದೋ ಮದುವೆಯಿಂದ ಬರುವಾಗ ದಾರಿಯಲ್ಲೇ ಸಿಕ್ಕಿತು ಅಂತ ನಿಲ್ಲಿಸಿದ್ದು. ಕಾರಿನ ಗುಣ ನಿಮಗೂ ಗೊತ್ತಲ್ವಾ? ಗ್ಯಾರೇಜಿನ ಬೋರ್ಡ್ ಕಂಡದ್ದೇ, ಹೆಡ್‌ಮಾಸ್ಟರ್ ಕಾಲಿಟ್ಟ ಕ್ಲಾಸಿನ ಹಾಗೆ ತೆಪ್ಪಗಾಯಿತು. ಮೆಕ್ಯಾನಿಕ್ ಓಣಿಯಲ್ಲಿ ಮೆಲ್ಲಗೆ ಒಂದು ಸುತ್ತು ಹಾಕಿಕೊಂಡು ಬಂದ.

"ಎಲ್ಲಿ ಸಾರ್ ಸೌಂಡು?"

"ಬರುತ್ತಪ್ಪಾ. ದಿನಾ ಬರುತ್ತೆ."

"ಹೇಗೆ ಬರುತ್ತೆ? ಮಾಡಿ ತೋರಿಸಿ ಸಾರ್."

ನಾನು ಆಚೀಚೆ ನೋಡಿದೆ. ಇಸ್ತ್ರಿ ಮಾಡಿದ ಷರ್ಟು, ಕೈಯಲ್ಲಿ ತಾಂಬೂಲದ ಚೀಲ. ಗಂಟಲು ಸರಿಮಾಡಿಕೊಂಡು ಮೆಲ್ಲಗೆ "ಕೀಂಯ್" ಅಂದೆ. ಅವನು ಕಣ್ಣು ಮುಚ್ಚಿದ. ಸಂಗೀತದ ಮೇಷ್ಟ್ರು ಶಿಷ್ಯನ ಆಲಾಪನೆ ಕೇಳುವಾಗ ಮುಚ್ಚುತ್ತಾರಲ್ಲ, ಹಾಗೆ.

"ಇನ್ನೊಂದ್ಸಲ. ಸ್ವಲ್ಪ ಉದ್ದ ಎಳೀರಿ."

"ಕೀಂಂಂಯ್."

"ಬ್ರೇಕ್ ಬಿಟ್ಟ ಮೇಲೂ ಬರುತ್ತಾ, ಒತ್ತಿದಾಗ ಮಾತ್ರ ಬರುತ್ತಾ?"

ಕಾಲಿನಿಂದ ಇಲ್ಲದ ಪೆಡಲ್ ಒತ್ತಿ ಕೀಂಯ್ ಅಂದೆ, ಬಿಟ್ಟು ಸುಮ್ಮನಾದೆ. ಮತ್ತೆ ಒತ್ತಿದೆ, ಕೀಂಯ್. ಹಿಂದಿನ ಬಾಗಿಲು ತೆರೆಯಿತು. ಹೆಂಡತಿ ಇಳಿದಳು. ರೇಷ್ಮೆ ಸೀರೆ, ಮುಡಿ ತುಂಬ ಹೂವು.

"ಅದಲ್ಲ ರೀ. ನೀವು ತಪ್ಪು ಮಾಡ್ತಿದ್ದೀರಿ. ಅದು ಕಿರ್ರ್ ಅನ್ನುತ್ತೆ." ಹಲ್ಲು ಕಚ್ಚಿ, ಮೂಗು ಸುಕ್ಕು ಮಾಡಿ, ಕಿರ್ರ್ ಅಂದಳು. ಚೆನ್ನಾಗಿಯೇ ಮಾಡಿದಳು, ನನ್ನ ಮೈ ಜುಮ್ಮೆಂದಿತು. ಮಗಳು ತಾನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿದ್ದೇನೆ ಅಂತ ಓಡಿ ಬಂದಳು. ಹಾಕಿದರೆ ರೇಡಿಯೋ ಹಾಡು, ಅದರ ಮೇಲೆ ಮುಂದಿನ ಆಟೋದವನಿಗೆ ನಾನು ಹೇಳಿದ ಒಂದು ಮಾತು. ಬೇಗ ನಿಲ್ಲಿಸು ಅಂದೆ. ಪಂಕ್ಚರ್ ಹಾಕಿಸಲು ಬಂದಿದ್ದ ಬೈಕಿನವನೊಬ್ಬ ತಾನಾಗಿಯೇ ಹತ್ತಿರ ಬಂದು, "ಟಕ್ ಅಂತ ಏನಾದ್ರೂ ಬರುತ್ತಾ? ನಮ್ಮ ಮಾವನ ಕಾರಲ್ಲಿ ಟಕ್ ಅಂತ ಬರ್ತಿತ್ತು" ಅಂದ. ಟೈರ್ ರಾಶಿಯ ಹಿಂದೆ ಗ್ಯಾರೇಜಿನ ಹುಡುಗ ಅಂಗಿಯ ತುದಿ ಬಾಯಿಗೆ ತುರುಕಿಕೊಂಡು ನಗುತ್ತಿದ್ದ. ನಾನು ಕೀಂಯ್, ಅವಳು ಕಿರ್ರ್, ನಾನು ಮತ್ತೆ ಕೀಂಯ್. ಹತ್ತು ವರ್ಷದಲ್ಲಿ ಇಷ್ಟು ಹಟ ಹಿಡಿದು ನಾವು ಬೇರೆ ಯಾವ ವಿಷಯಕ್ಕೂ ವಾದ ಮಾಡಿದ್ದಿಲ್ಲ.

ಆಗ ಮುಂದಿನ ಸೀಟಿನಿಂದ, ಬೆಲ್ಟ್ ಕೂಡ ಬಿಚ್ಚದೆ, ಅಪ್ಪ ಹೇಳಿದರು: "ಗರಗರ ಅನ್ನುತ್ತಪ್ಪ. ಬೀಸುವ ಕಲ್ಲಿನ ಹಾಗೆ. ಜೋರಾಗಿ ಒತ್ತಿದರೆ ಮಾತ್ರ. ಈ ಕಡೆ ಚಕ್ರ."

ಮೆಕ್ಯಾನಿಕ್ ಕಣ್ಣು ಬಿಟ್ಟ. ಮುಖದ ನಗು ಹೋಯಿತು. "ಜಾಕ್ ತಗೊಂಡು ಬಾರೋ" ಅಂದ.

ಚಕ್ರ ಬಿಚ್ಚಿದರೆ, ಹೊರಗಿನ ಪ್ಯಾಡ್ ನಾನು ಟಾರ್ಚ್ ಬಿಟ್ಟು ನೋಡಿದ ಹಾಗೇ ದಷ್ಟಪುಷ್ಟವಾಗಿತ್ತು. ಒಳಗಿನದು ಒಂದು ತುದಿಯಲ್ಲಿ ಪೂರ್ತಿ ಮುಗಿದು ಬರೀ ತಗಡು ಕಾಣುತ್ತಿತ್ತು. ಪ್ಯಾಡುಗಳನ್ನು ಹಿಡಿಯುವ ಕ್ಯಾಲಿಪರ್ ಆಚೀಚೆ ಜಾರಬೇಕಂತೆ, ಅದು ಜಾರುವ ಪಿನ್ ತುಕ್ಕು ಹಿಡಿದು ಕಚ್ಚಿಕೊಂಡಿತ್ತು. ಹಾಗಾಗಿ ಕೆಲಸವೆಲ್ಲ ಒಳಗಿನದಕ್ಕೆ, ಹೆಸರೆಲ್ಲ ಹೊರಗಿನದಕ್ಕೆ. ಇಂಥ ಆಫೀಸುಗಳನ್ನು ನಾನೂ ನೋಡಿದ್ದೇನೆ. ಮೊದಲು ಕೂಗಿದ್ದು ನಾಲಿಗೆ, ಅದು ನನ್ನ ಕೀಂಯ್. ಈಗ ತಗಡೇ ಡಿಸ್ಕನ್ನು ಅರೆಯುತ್ತಿರುವುದು, ಅದು ಅಪ್ಪನ ಗರಗರ. ನನ್ನದು ಸುಳ್ಳಲ್ಲ, ಆದರೆ ಮೂರು ವಾರ ಹಳೇ ಸುದ್ದಿ. ಹೆಂಡತಿಯ ಕಿರ್ರ್ ಎಲ್ಲಿಂದ ಬಂತು ಅಂತ ಯಾರೂ ಕೇಳಲಿಲ್ಲ. ಕೇಳುವ ಧೈರ್ಯ ಇರಲಿಲ್ಲ.

"ಒಂದೇ ತಾನೇ ಸವೆದಿರೋದು, ಒಂದೇ ಹಾಕಿದ್ರೆ ಆಗಲ್ವಾ?" ಅಂದೆ.

"ಚಪ್ಪಲಿ ಒಂದೇ ಕಾಲಿಂದು ಕೊಡ್ತಾರಾ ಸಾರ್?"

ಒಂದು ಚಕ್ರ ಜಾಸ್ತಿ ಹಿಡಿದು ಇನ್ನೊಂದು ಕಮ್ಮಿ ಹಿಡಿದರೆ ಕಾರು ಪಕ್ಕಕ್ಕೆ ಎಳೆಯುತ್ತದೆ. ಅದಕ್ಕೇ ಮುಂದಿನ ಎರಡೂ ಚಕ್ರಕ್ಕೆ ಸೇರಿಸಿ ನಾಲ್ಕೂ ಹಾಕಬೇಕು. ಚಪ್ಪಲಿಯ ಮಾತು ಅವನು ತಮಾಷೆಗೆ ಅಂದದ್ದು. ಆದರೆ ಕಾರಿನ ಬ್ರೇಕಿಗೂ ಚಪ್ಪಲಿ ಹೊಲಿಯುವವರಿಗೂ ಹಳೇ ನಂಟು. 1888ರಲ್ಲಿ ಜರ್ಮನಿಯಲ್ಲಿ ಬರ್ತಾ ಬೆಂಜ್ ಅನ್ನುವ ಹೆಂಗಸು, ಗಂಡ ಕಾರ್ಲ್ ಬೆಂಜ್ ಮಾಡಿದ ಮೋಟಾರು ಗಾಡಿಯನ್ನು ಅವನಿಗೆ ಹೇಳದೆ ತೆಗೆದುಕೊಂಡು, ಇಬ್ಬರು ಮಕ್ಕಳನ್ನು ಕೂರಿಸಿಕೊಂಡು ತವರಿಗೆ ಹೊರಟಳು. ಸುಮಾರು 100 ಕಿಲೋಮೀಟರ್ ದಾರಿ. ಇಳಿಜಾರಿನಲ್ಲಿ ಮರದ ಬ್ರೇಕ್ ಸವೆದು ಹೋಯಿತು. ಅವಳು ದಾರಿಯಲ್ಲಿ ಸಿಕ್ಕ ಒಬ್ಬ ಚಮ್ಮಾರನಿಂದ ಅದಕ್ಕೆ ಚರ್ಮ ಹೊಡೆಸಿಕೊಂಡು ಮುಂದೆ ಹೋದಳು. ಕಾರಿನ ಮೊದಲ ಬ್ರೇಕ್ ಲೈನಿಂಗ್ ಅಂತ ಹೇಳುವುದು ಅದನ್ನೇ. ಮನೆಗೆ ಬಂದು ಇದನ್ನು ಹೆಂಡತಿಗೆ ಹೇಳಿದೆ. "ನೋಡಿದ್ರಾ? ಅವಳು ರೇಡಿಯೋ ಜೋರು ಮಾಡಲಿಲ್ಲ" ಅಂದಳು.

ಇನ್ನು ಯಾವ ಪ್ಯಾಡ್ ಹಾಕಿಸುವುದು? ಬಾಮೈದನಿಗೆ ಫೋನ್ ಮಾಡಿದ್ದು ನನ್ನ ಎರಡನೇ ತಪ್ಪು. ಅವನಿಗೆ ಕಾರಿಲ್ಲ, ಆದರೆ ಕಾರಿನ ವೀಡಿಯೋ ಒಂದೂ ಬಿಟ್ಟಿಲ್ಲ. "ಭಾವ, ಕಣ್ಣು ಮುಚ್ಚಿ ಸೆರಾಮಿಕ್ ಹಾಕಿಸಿ. ಸದ್ದಿಲ್ಲ, ಚಕ್ರಕ್ಕೆ ಕಪ್ಪು ಧೂಳು ಹಿಡಿಯಲ್ಲ." ಅರ್ಧ ಗಂಟೆ ಬಿಟ್ಟು ಮತ್ತೆ ಅವನೇ. "ಭಾವ, ಸೆಮಿ ಮೆಟಾಲಿಕ್ ಒಳ್ಳೇದು. ಬಿಸಿ ತಡೆಯುತ್ತೆ, ಗಟ್ಟಿಯಾಗಿ ಕಚ್ಚುತ್ತೆ." ಧೂಳು, ಸದ್ದು? "ಅದು ಸ್ವಲ್ಪ ಇರುತ್ತೆ." ರಾತ್ರಿ ಊಟದ ಹೊತ್ತಿಗೆ ಆರ್ಗ್ಯಾನಿಕ್ ಅಂದ. ಮೆತ್ತಗೆ, ಸದ್ದು ಕಮ್ಮಿ, ಬೇಗ ಸವೆಯುತ್ತೆ. ಅವನು ಹೇಳಿದ್ದು ಒಂದೂ ಸುಳ್ಳಲ್ಲ, ಕಷ್ಟವೇ ಅದು. ಬೆಟ್ಟ ಇಳಿಯುವವರು, ಭಾರ ಹೊರುವವರು ಯೋಚಿಸಬೇಕಾದ ವಿಷಯ. ಮಗಳ ಸ್ಕೂಲು, ನನ್ನ ಆಫೀಸು, ತಿಂಗಳಿಗೊಂದು ಮದುವೆ ಅಂತ ಓಡುವ ಕಾರಿಗೆ ಕಂಪನಿಯವರು ಏನು ಹಾಕಿ ಕಳಿಸಿದ್ದರೋ ಅದೇ ಸಾಕು ಅಂತ ನನಗೂ ಕೊನೆಗೆ ಅನ್ನಿಸಿತು. ಮೆಕ್ಯಾನಿಕ್ ಮೊದಲೇ ಹೇಳಿದ್ದ. ಆದರೆ ಅವನ ಮಾತು ಕೇಳಿ ಸುಮ್ಮನಿದ್ದರೆ ನಾನು ವಿದ್ಯಾವಂತ ಅಂತ ಗೊತ್ತಾಗುವುದು ಹೇಗೆ? ನಾನೇ ಹೋಗಿ ಕಾರಿನ ಹೆಸರು ಹೇಳಿ ಡಬ್ಬಿ ತಂದೆ. ಪ್ಯಾಡಿನ ಕಿವಿ ಕ್ಯಾಲಿಪರಿನೊಳಗೆ ಕೂರಲಿಲ್ಲ. ಕಾರಿನ ಹೆಸರು ಒಂದೇ ಆದರೂ ಮಾಡೆಲ್ ವರ್ಷ ಬದಲಾದರೆ ಬ್ರೇಕೂ ಬದಲಾಗಿರಬಹುದು, ಚಾಸಿ ನಂಬರ್ ಹೇಳಿಯೇ ತರಬೇಕು. ಎರಡು ದಿನ ಕಾರು ಒಂದು ಕಾಲೆತ್ತಿಕೊಂಡು ನಿಂತಿತ್ತು. ನಾವು ಬಸ್ಸಿನಲ್ಲಿ ಓಡಾಡಿದೆವು. ಬಸ್ಸಿನಲ್ಲೂ ಅಪ್ಪ ಬ್ರೇಕ್ ಹಾಕಿದರು.

ನಿನ್ನೆ ಸರಿಯಾದ ಡಬ್ಬಿ ಬಂತು. ಮೆಕ್ಯಾನಿಕ್ ಡಿಸ್ಕಿನ ದಪ್ಪ ಅಳೆದ. ಎಷ್ಟಕ್ಕಿಂತ ತೆಳ್ಳಗಾಗಬಾರದು ಅಂತ ಡಿಸ್ಕಿನ ಮೇಲೇ ಅಚ್ಚು ಹಾಕಿರುತ್ತಾರೆ, ನಮ್ಮದು ಗೀರು ಬಿದ್ದರೂ ಬಚಾವಾಗಿತ್ತು. ಪಿನ್ ಬಿಚ್ಚಿ ಉಜ್ಜಿ ಗ್ರೀಸ್ ಹಚ್ಚಿದ. ಹೊಸ ಪ್ಯಾಡ್ ದಪ್ಪ ಅಲ್ವಾ, ಅದು ಹಿಡಿಸುವುದಕ್ಕೆ, ಪ್ಯಾಡನ್ನು ಡಿಸ್ಕಿಗೆ ಒತ್ತುವ ಪಿಸ್ಟನ್ನನ್ನು ಒಳಗೆ ತಳ್ಳಬೇಕು. ತಳ್ಳಿದರೆ ಬಾನೆಟ್ಟಿನ ಕೆಳಗಿನ ಡಬ್ಬಿಯಲ್ಲಿ ಬ್ರೇಕ್ ಆಯಿಲ್ ಉಕ್ಕುತ್ತದೆ. ಅದು ಬಿದ್ದರೆ ಪೇಂಟ್ ಏಳುತ್ತದೆ ಅಂತ ಹುಡುಗ ಬಟ್ಟೆ ಹಿಡಿದು ಕಾವಲು ನಿಂತಿದ್ದ. ಎಲ್ಲ ಮುಗಿದು ಚಕ್ರ ಏರಿಸಿ, ಮೆಕ್ಯಾನಿಕ್ ಕೈ ತೊಳೆಯಲು ಹೋದ. ಅಪ್ಪ ಆಗಲೇ ತಮ್ಮ ಜಾಗದಲ್ಲಿ ಕೂತಿದ್ದರು. ನಾನು ಹತ್ತಿ ಸ್ಟಾರ್ಟ್ ಮಾಡಿ ಒಂದಿಷ್ಟು ಮುಂದಕ್ಕೆ ಬಿಟ್ಟು ಬ್ರೇಕ್ ಒತ್ತಿದೆ.

ಪೆಡಲ್ ಬೆಣ್ಣೆಯೊಳಗೆ ಹೋದ ಹಾಗೆ ಸೀದಾ ನೆಲ ಮುಟ್ಟಿತು. ಕಾರು ಹೋಗುತ್ತಲೇ ಇತ್ತು.

"ಪಂಪ್ ಮಾಡಿ ಸಾರ್! ಪಂಪ್!" ಅಂತ ಸೋಪಿನ ಕೈ ಬೀಸಿಕೊಂಡು ಅವನು ಓಡಿ ಬಂದ. ಒಳಕ್ಕೆ ತಳ್ಳಿದ ಪಿಸ್ಟನ್ ಮತ್ತೆ ಮುಂದೆ ಬಂದು ಪ್ಯಾಡನ್ನು ಮುಟ್ಟುವವರೆಗೂ, ಗಾಡಿ ಕದಲಿಸುವ ಮೊದಲೇ, ನಾಲ್ಕೈದು ಸಲ ಪೆಡಲ್ ಒತ್ತಬೇಕಂತೆ. ಇದನ್ನು ಯಾರೂ ಡಬ್ಬಿಯ ಮೇಲೆ ದಪ್ಪ ಅಕ್ಷರದಲ್ಲಿ ಬರೆದಿರಲಿಲ್ಲ. ನಾನು ಒತ್ತಿದೆ, ಒತ್ತಿದೆ. ಪಕ್ಕದಲ್ಲಿ ಅಪ್ಪನ ಕಾಲೂ ಎದ್ದು ಬೀಳುತ್ತಿತ್ತು. ಮೂರನೆಯದೋ ನಾಲ್ಕನೆಯದೋ ಒತ್ತಿಗೆ ಪೆಡಲ್ ಗಟ್ಟಿಯಾಯಿತು. ಟೈರ್ ರಾಶಿಗೆ ಮೂಗು ತಾಗಿಸಿ ಕಾರು ನಿಂತಿತು.

ಅಪ್ಪ ಉಸಿರು ಬಿಟ್ಟು ಹೇಳಿದರು, "ಸದ್ಯ, ನಾನು ಒತ್ತಿದೆ."

ಹುಡುಗ ಈ ಸಲ ಅಂಗಿ ಬಾಯಿಗೆ ಹಾಕಿಕೊಳ್ಳಲಿಲ್ಲ, ಬಹಿರಂಗವಾಗಿಯೇ ನಕ್ಕ. ಆಮೇಲೆ ಒಳಗೆ ಗುಡಿಸುತ್ತಾ, "ಅಜ್ಜನ ಕಡೆ ಮ್ಯಾಟ್ ತೂತಾಗಿದೆ ಸಾರ್, ಹೊಸದು ಹಾಕ್ಲಾ?" ಅಂದ. ಬಗ್ಗಿ ನೋಡಿದೆ. ಹಿಮ್ಮಡಿ ಊರುವಲ್ಲಿ ಒಂದು ಗುಂಡನೆ ಗುಳಿ, ಅದರ ಮುಂದೆ ಬೆರಳು ಒತ್ತುವಲ್ಲಿ ತೂತು. ನನ್ನ ಕಡೆ ನಿಜವಾದ ಪೆಡಲಿನ ರಬ್ಬರೂ ಒಂದು ಮೂಲೆಯಲ್ಲಿ ಸವೆದಿದೆ. ಅದು ನಾನು ಸವೆಸಿದ್ದಲ್ಲ. ಕಣ್ಣು ಮಂಜಾಗುವ ತನಕ ಈ ಕಾರು ಓಡಿಸುತ್ತಿದ್ದವರು ಅಪ್ಪನೇ. ನಾಲ್ಕು ವರ್ಷದ ಹಿಂದೆ ಒಂದು ಸಂಜೆ ಬಂದು ಕೀಲಿ ಟೀವಿ ಮೇಲಿಟ್ಟು, "ಇನ್ನು ನೀನೇ ನೋಡ್ಕೋ" ಅಂದಿದ್ದರು. ಅಷ್ಟೇ. ನಾನು ಆವತ್ತು ಕ್ರಿಕೆಟ್ ನೋಡುತ್ತಿದ್ದೆ ಅನ್ನಿಸುತ್ತೆ.

"ಬೇಡಪ್ಪ, ಇದರಲ್ಲಿ ಗ್ರಿಪ್ ಚೆನ್ನಾಗಿದೆ," ಅಂದರು ಅಪ್ಪ.

ಇಷ್ಟೆಲ್ಲ ಆದ ಮೇಲೆ ಇವತ್ತು ಬೆಳಿಗ್ಗೆ ಈ ಕೀಂಯ್. ಡಿಸ್ಕ್ ಬ್ರೇಕಿಗೂ ಕಿರುಚಾಟಕ್ಕೂ ಹುಟ್ಟಿನಿಂದಲೇ ಸಂಬಂಧವಂತೆ. 1902ರಲ್ಲಿ ಇಂಗ್ಲೆಂಡಿನ ಲ್ಯಾಂಚೆಸ್ಟರ್ ಅನ್ನುವ ಇಂಜಿನಿಯರ್ ಇದಕ್ಕೆ ಪೇಟೆಂಟ್ ಮಾಡಿಸಿದಾಗಲೇ ಅದರ ದೊಡ್ಡ ತಲೆನೋವು ಸದ್ದಾಗಿತ್ತು. ಇದನ್ನು ಕಿಟಕಿಯ ಕಡೆಗೆ ವಿವರಿಸುವ ಹಾಗಿರಲಿಲ್ಲ. ಮೆಕ್ಯಾನಿಕ್‌ಗೆ ಫೋನ್ ಮಾಡಿ ರೇಗಿದೆ. ಅವನು ತಣ್ಣಗೆ, "ರಾತ್ರಿ ಮಳೆ ಬಂದಿತ್ತಲ್ಲ ಸಾರ್, ಡಿಸ್ಕಿಗೆ ತೆಳ್ಳಗೆ ತುಕ್ಕು ಬಂದಿರುತ್ತೆ. ನಾಲ್ಕು ಸಲ ಬ್ರೇಕ್ ಹಾಕಿದ್ರೆ ಹೋಗುತ್ತೆ. ಹೊಸ ಪ್ಯಾಡ್ ಬೇರೆ, ಇನ್ನೂ ಕೂತಿಲ್ಲ. ಒಂದು 200-300 ಕಿಲೋಮೀಟರ್ ಮೆಲ್ಲಗೆ ಓಡಿಸಿ, ಗಕ್ಕನೆ ಒತ್ತಬೇಡಿ" ಅಂದ.

"ಅದಲ್ಲಪ್ಪಾ, ಇದು ಬೇರೆ ಥರ ಬರ್ತಿದೆ."

"ಹೇಗೆ ಬರುತ್ತೆ?"

ಗೇಟಿನ ಮುಂದೆ ನಿಂತು, ಫೋನಿಗೆ ಕೈ ಅಡ್ಡ ಹಿಡಿದು, "ಕೀಂಯ್" ಅಂದೆ. ಎದುರು ಮನೆಯವರು ಪೇಪರ್ ಕೆಳಗಿಳಿಸಿ ನೋಡಿದರು.

ಆ ಕಡೆ ಒಂದು ಕ್ಷಣ ಮೌನ.

"ನಿಮ್ದು ಬೇಡ ಸಾರ್. ಅಜ್ಜನಿಗೆ ಕೊಡಿ ಫೋನು."