ಸಿಗದ ಗಿಡಕ್ಕೆ 25 ಕೋಟಿ

ಸರ್ಕಾರದ ಹಣದಲ್ಲಿ ನಡೆಯುವ ಹುಡುಕಾಟಗಳ ಪೈಕಿ ಅತ್ಯಂತ ಸುರಕ್ಷಿತವಾದದ್ದು ಇಲ್ಲದ ವಸ್ತುವಿನ ಹುಡುಕಾಟ ಎಂಬುದನ್ನು ಉತ್ತರಾಖಂಡ ಸರ್ಕಾರ 2016ರಲ್ಲಿ ದೇಶಕ್ಕೆ ತೋರಿಸಿಕೊಟ್ಟಿತು. ಚೀನಾ ಗಡಿಯ ಕಡೆಗಿರುವ ದ್ರೋಣಗಿರಿ ಶ್ರೇಣಿಯಲ್ಲಿ ರಾಮಾಯಣದ ಸಂಜೀವಿನಿಯನ್ನು ಪತ್ತೆ ಹಚ್ಚಲು 25 ಕೋಟಿ ರೂಪಾಯಿ ವಿನಿಯೋಗಿಸುವುದಾಗಿ ಅದು ಆ ವರ್ಷದ ಜುಲೈನಲ್ಲಿ ಪ್ರಕಟಿಸಿತು. ಕೆರೆಯ ಹೂಳೆತ್ತಿಸಿದರೆ ಯಾವನೋ ತಲೆಹರಟೆ ಕೋಲು ಇಳಿಬಿಟ್ಟು ಆಳ ನೋಡಿಯಾನು. ರಸ್ತೆ ಮಾಡಿಸಿದರೆ ಮೊದಲ ಮಳೆಯೇ ಲೆಕ್ಕಪರಿಶೋಧನೆ ಮುಗಿಸಿಬಿಡುತ್ತದೆ. ಸಂಜೀವಿನಿಯ ವಿಷಯದಲ್ಲಿ ಇಂಥ ಆತಂಕಕ್ಕೆ ಎಡೆಯೇ ಇಲ್ಲ. ಸಿಕ್ಕರೆ ಪವಾಡ, ಸಿಗದಿದ್ದರೆ ಎರಡನೇ ಹಂತ.

ಆ ಸರ್ಕಾರಕ್ಕೆ ಈ ಗಿಡದ ಮೇಲೆ ಭಕ್ತಿ ಹುಟ್ಟಲು ಕಾರಣವೂ ಇತ್ತು. ಹರೀಶ್ ರಾವತ್ ನೇತೃತ್ವದ ಆ ಸರ್ಕಾರ ಅದೇ ವರ್ಷ ಮಾರ್ಚ್ ಕೊನೆಯಲ್ಲಿ ರಾಷ್ಟ್ರಪತಿ ಆಳ್ವಿಕೆಯ ಏಟಿಗೆ ಉರುಳಿ, ಸುಪ್ರೀಂ ಕೋರ್ಟಿನ ನಿರ್ದೇಶನದಂತೆ ಮೇ 10ರಂದು ನಡೆದ ಬಲಾಬಲ ಪರೀಕ್ಷೆಯಲ್ಲಿ ಗೆದ್ದು ಎದ್ದು ಕುಳಿತಿತ್ತು. ಒಮ್ಮೆ ಸತ್ತು ಬದುಕಿದವರಿಗೆ ಅಂಥ ಮೂಲಿಕೆಯನ್ನು ದಾಸ್ತಾನು ಇಟ್ಟುಕೊಳ್ಳೋಣ ಎನ್ನಿಸುವುದು ಸಹಜ. 2017ರ ಚುನಾವಣೆಯಲ್ಲಿ ಪುನಃ ಬಿದ್ದಾಗ ಗಿಡ ಸಮಯಕ್ಕೆ ಒದಗಲಿಲ್ಲ, ಅಷ್ಟೆ.

ಹುಡುಕಬೇಕಾದ ವಸ್ತುವಿನ ವಿವರಣೆಯಲ್ಲಿ ಯಾವ ಗೊಂದಲವೂ ಇಲ್ಲ. ವಾಲ್ಮೀಕಿ ರಾಮಾಯಣದ ಯುದ್ಧಕಾಂಡದಲ್ಲಿ ಜಾಂಬವಂತನು ಹನುಮಂತನಿಗೆ ಹೇಳುವ ಮಾತು ಇಂದಿನ ಎಷ್ಟೋ ಟೆಂಡರ್ ಪ್ರಕಟಣೆಗಳಿಗಿಂತ ಸ್ಪಷ್ಟವಾಗಿದೆ. ಋಷಭ ಮತ್ತು ಕೈಲಾಸ ಶಿಖರಗಳ ನಡುವೆ ಔಷಧಿಗಳ ಪರ್ವತವಿದೆ. ಅದರ ನೆತ್ತಿಯ ಮೇಲೆ ದಿಕ್ಕುಗಳನ್ನೆಲ್ಲ ಬೆಳಗುವ ನಾಲ್ಕು ಮೂಲಿಕೆಗಳಿವೆ. ಮೃತಸಂಜೀವನಿ ಸತ್ತವರನ್ನು ಬದುಕಿಸುತ್ತದೆ, ವಿಶಲ್ಯಕರಣಿ ನೆಟ್ಟ ಬಾಣವನ್ನು ಕಳಚುತ್ತದೆ, ಸುವರ್ಣಕರಣಿ ಮೈಬಣ್ಣವನ್ನು ಮರಳಿಸುತ್ತದೆ, ಸಂಧಾನಿ ಮುರಿದದ್ದನ್ನು ಕೂಡಿಸುತ್ತದೆ. ಆದರೆ ಆಡಳಿತದ ದೃಷ್ಟಿಯಿಂದ ನೋಡಿದರೆ ಈ ಗಿಡಗಳ ಪರಮ ಗುಣ ಬೇರೆಯೇ ಇದೆ: ತಮ್ಮನ್ನು ಒಯ್ಯಲು ಯಾರೋ ಬಂದಿದ್ದಾರೆಂದು ತಿಳಿದ ಕೂಡಲೇ ಅವು ಕಣ್ಮರೆಯಾಗುತ್ತವೆ. ಹುಡುಕಿದಷ್ಟೂ ಸಿಗದಿರುವುದೇ ಅಸಲಿ ಮಾಲಿನ ಲಕ್ಷಣ ಎಂದು ಪುರಾಣವೇ ಮೊದಲಾಗಿ ಒಪ್ಪಿಗೆ ಕೊಟ್ಟಿರುವಾಗ, ವರ್ಷದ ಕೊನೆಯಲ್ಲಿ ಖಾಲಿ ಚೀಲ ತಂದ ತಂಡವನ್ನು ಯಾವ ಮಹಾಲೇಖಪಾಲರು ತಾನೇ ಪ್ರಶ್ನಿಸಬಲ್ಲರು? ಹನುಮಂತನಾದರೋ ಸಿಟ್ಟಿನಲ್ಲಿ ಶಿಖರವನ್ನೇ ಕಿತ್ತು ತಂದ. ಪ್ರಯಾಣ ಭತ್ಯೆ ಕೇಳಲಿಲ್ಲ, ಅವಧಿ ವಿಸ್ತರಣೆ ಬೇಡಲಿಲ್ಲ, ಕೆಲಸ ಮುಗಿದ ಮೇಲೆ ಅದನ್ನು ಇದ್ದಲ್ಲಿಗೇ ಒಯ್ದು ಇಟ್ಟುಬಂದ ಎನ್ನುತ್ತದೆ ವಾಲ್ಮೀಕಿಯ ಪಾಠ. ಅಭಿವೃದ್ಧಿಗೆಂದು ಅಗೆದ ಗುಡ್ಡವನ್ನು ಮರಳಿ ಇಟ್ಟ ಗುತ್ತಿಗೆದಾರನನ್ನು ಆಮೇಲೆ ಈ ದೇಶ ಕಂಡಂತಿಲ್ಲ.

ಮರಳಿ ಇಟ್ಟ ಎಂಬ ಮಾತನ್ನು ಒಪ್ಪದವರೂ ಇದ್ದಾರೆ. ಚಮೋಲಿ ಜಿಲ್ಲೆಯ ದ್ರೋಣಗಿರಿ ಗ್ರಾಮದವರು ಹನುಮಂತನನ್ನು ಪೂಜಿಸುವುದಿಲ್ಲ. ತಾವು ಆರಾಧಿಸುತ್ತಿದ್ದ ಪರ್ವತದ ಭಾಗವನ್ನು ಅವನು ಕಿತ್ತೊಯ್ದ ಎಂಬ ದೂರನ್ನು ಅವರು ತಲೆತಲಾಂತರದಿಂದ ಉಳಿಸಿಕೊಂಡು ಬಂದಿದ್ದಾರೆ. ಅಂದರೆ ಘಟನಾಸ್ಥಳದ ಜನ ಮಾಲು ತ್ರೇತಾಯುಗದಲ್ಲೇ ಸಾಗಿಹೋಯಿತೆಂದು ಹೇಳುತ್ತಿದ್ದಾರೆ. ಸರ್ಕಾರವೋ ಕಳವಾದ ಜಾಗದಲ್ಲೇ ಕಳವಾದ ವಸ್ತುವನ್ನು ಹುಡುಕಲು ಹಣ ಎತ್ತಿಡುತ್ತದೆ. ಪೊಲೀಸ್ ಠಾಣೆಯೂ ಇಷ್ಟು ಧೈರ್ಯ ಮಾಡಲಾರದು.

ಇದಕ್ಕೆ ಹಿಂದೆಯೇ, 2009ರಲ್ಲಿ, ಕೆ.ಎನ್. ಗಣೇಶಯ್ಯ, ಆರ್. ವಾಸುದೇವ ಮತ್ತು ಆರ್. ಉಮಾಶಂಕರ್ ಎಂಬ ನಮ್ಮವರೇ ಆದ ಮೂವರು ವಿಜ್ಞಾನಿಗಳು ‘ಕರೆಂಟ್ ಸೈನ್ಸ್’ ಪತ್ರಿಕೆಯಲ್ಲಿ ಈ ಪ್ರಶ್ನೆಯನ್ನು ಕೈಗೆತ್ತಿಕೊಂಡಿದ್ದರು. ಬೆಟ್ಟ ಹತ್ತುವ ಬದಲು ಅವರು ನಾನಾ ಭಾಷೆಗಳಲ್ಲಿ ಸಂಜೀವಿನಿ ಎಂಬ ಹೆಸರು ಹೊತ್ತ ಸಸ್ಯಗಳನ್ನು ಸೋಸಿ, ಉಳಿದ ಕೆಲವೇ ಸಸ್ಯಗಳಲ್ಲಿ ಸೆಲಾಜಿನೆಲ್ಲ ಬ್ರಯಾಪ್ಟೆರಿಸ್ ಎಂಬುದನ್ನು ಮುಂದಿಟ್ಟರು. ಬಂಡೆಗಳ ಮೇಲೆ ಬೆಳೆಯುವ ಈ ಪುಟ್ಟ ಸಸ್ಯ ಒಣಗಿದಾಗ ಎಲೆಗಳನ್ನು ಒಳಕ್ಕೆ ಮಡಚಿ ಕಂದು ಮುಷ್ಟಿಯಂತಾಗುತ್ತದೆ. ನೀರಿನ ಬಟ್ಟಲಲ್ಲಿಟ್ಟರೆ ಕೆಲವೇ ಗಂಟೆಗಳಲ್ಲಿ ಒಂದೊಂದೇ ಎಲೆ ಬಿಚ್ಚಿ ಹಸಿರಾಗುತ್ತದೆ. ಕಣ್ಣೆದುರಿನಲ್ಲೇ ನಡೆಯುವ ಈ ಪುನರ್ಜನ್ಮದಲ್ಲಿ ಸರ್ಕಾರಕ್ಕೆ ಕಾಣುವ ದೋಷಗಳು ಎರಡು. ಗಿಡ ಬದುಕಿಸುವುದು ತನ್ನನ್ನು ಮಾತ್ರ. ಅದಕ್ಕೆ ತಗಲುವ ಖರ್ಚು ಒಂದು ಬಟ್ಟಲು ನೀರು. ಅಷ್ಟು ಚಿಕ್ಕ ಬಾಬಿಗೆ ಸಮಿತಿ ರಚಿಸಲಾಗದು.

ಅದೇ ಬೆಟ್ಟಗಳಲ್ಲಿ ಪ್ರತಿ ಬೇಸಿಗೆ ಹಿಮ ಕರಗುತ್ತಿದ್ದಂತೆ ಹಳ್ಳಿಯವರು ಹುಲ್ಲುಗಾವಲಿನ ಮೇಲೆ ಬೋರಲು ಮಲಗಿ, ಸತ್ತ ಕಂಬಳಿಹುಳುವಿನ ತಲೆಯಿಂದ ಕಡ್ಡಿಯಂತೆ ಎದ್ದ ಕೀಡಾಜಡಿ ಎಂಬ ಶಿಲೀಂಧ್ರವನ್ನು ಹೆಕ್ಕುತ್ತಾರೆ. ಅದು ಕಿಲೋಗೆ ಲಕ್ಷಗಟ್ಟಲೆ ಬೆಲೆ ಬಾಳುತ್ತದೆ. ಸಿಗುವ ವಸ್ತುವನ್ನು ಹುಡುಕುವವರಿಗೆ ಮೊಣಕಾಲು ಸಾಕು. ಇನ್ನು 2011ರ ಜನಗಣತಿ ಆ ರಾಜ್ಯದಲ್ಲಿ ಎಣಿಸಿದ, ಒಬ್ಬರೂ ವಾಸವಿಲ್ಲದ ಸಾವಿರಕ್ಕೂ ಹೆಚ್ಚು ಹಳ್ಳಿಗಳಿಗೆ ಜೀವ ತುಂಬಬಲ್ಲ ಮೂಲಿಕೆಯನ್ನು ಜಾಂಬವಂತನೂ ಹೆಸರಿಸಿಲ್ಲವಾದ್ದರಿಂದ ಅದನ್ನು ಯೋಜನೆಗೆ ಸೇರಿಸಲು ಬರುವುದಿಲ್ಲ.

ಒಂದು ವೇಳೆ ಗಿಡ ನಿಜಕ್ಕೂ ಸಿಕ್ಕಿಬಿಟ್ಟರೆ ಆಗುವ ಫಜೀತಿಯನ್ನು ಮಾತ್ರ ಯಾರೂ ಯೋಚಿಸಿದಂತಿಲ್ಲ. ಉತ್ತರ ಪ್ರದೇಶದ ಆಜಂಗಢದ ಲಾಲ್ ಬಿಹಾರಿ ಅವರು ಉಸಿರಾಡುತ್ತಿರುವಾಗಲೇ, ಜಮೀನಿನ ಆಸೆಗೆ ಬಿದ್ದ ಬಂಧುಗಳ ಕೃಪೆಯಿಂದ, ಕಂದಾಯ ದಾಖಲೆಯಲ್ಲಿ ಸತ್ತಿದ್ದರು. ತಾವು ಬದುಕಿರುವುದನ್ನು ಸಾಬೀತುಪಡಿಸಲು ಹೆಂಡತಿಗೆ ವಿಧವಾ ವೇತನ ಕೇಳಿದರು, 1989ರಲ್ಲಿ ಅಮೇಠಿಯಲ್ಲಿ ರಾಜೀವ್ ಗಾಂಧಿಯವರ ವಿರುದ್ಧ ಚುನಾವಣೆಗೆ ನಿಂತರು, ಹೆಸರಿನ ಮುಂದೆ ‘ಮೃತಕ್’ ಎಂದು ಸೇರಿಸಿಕೊಂಡರು. ಕಡತದಲ್ಲಿ ಅವರು ಜೀವ ಪಡೆದದ್ದು 1994ರಲ್ಲಿ. ಒಮ್ಮೆಯೂ ಸಾಯದವರಿಗೇ ಇಷ್ಟು ಕಾಲ ಹಿಡಿದಿರುವಾಗ, ವಿಧಿವತ್ತಾಗಿ ಸತ್ತು ಸಂಜೀವಿನಿಯಿಂದ ಎದ್ದುಬಂದ ನಿವೃತ್ತ ನೌಕರರೊಬ್ಬರು ನವೆಂಬರ್ ತಿಂಗಳಲ್ಲಿ ಜೀವಿತ ಪ್ರಮಾಣಪತ್ರ ಹಿಡಿದು ಪಿಂಚಣಿ ಕಚೇರಿಗೆ ಹೋದರೆ ಏನಾದೀತು? ಗುಮಾಸ್ತರು ಅವರನ್ನು ಆಪಾದಮಸ್ತಕ ನೋಡಿ, ಕಡತ ತಿರುವಿ, ಮರಣ ಪ್ರಮಾಣಪತ್ರದ ಮೇಲಿನ ಮೊಹರನ್ನು ಬೆರಳಿನಿಂದ ಉಜ್ಜಿ ಪರೀಕ್ಷಿಸಿ, ಅದು ಅಸಲಿಯಾಗಿದೆ ಎಂದು ತಿಳಿಸಿಯಾರು. ಅರ್ಜಿದಾರರು ಬಳಸಿದ ಮೂಲಿಕೆ ಸಂಜೀವಿನಿಯೇ ಹೌದೆಂದು ಶೋಧನಾ ಸಮಿತಿಯಿಂದ ದೃಢೀಕರಣ ತರಬೇಕಾಗುತ್ತದೆ. ಸಮಿತಿಯೋ ಗಿಡ ಇನ್ನೂ ಪತ್ತೆಯಾಗಿಲ್ಲವೆಂದು ವರದಿ ಕೊಟ್ಟು ಮುಂದಿನ ಕಂತಿನ ಅನುದಾನಕ್ಕೆ ಬರೆದಿರುತ್ತದೆ. ಆದ್ದರಿಂದ ಸದರಿ ಅರ್ಜಿಯನ್ನು ಕಾಯ್ದಿರಿಸಲಾಗಿದೆ, ಅಂತಿಮ ಆದೇಶ ಹೊರಡುವವರೆಗೆ ಅರ್ಜಿದಾರರು ಮೃತರಾಗಿಯೇ ಇದ್ದು ಇಲಾಖೆಯೊಂದಿಗೆ ಸಹಕರಿಸತಕ್ಕದ್ದು ಎಂದು ಹಿಂಬರಹ ಬೀಳುತ್ತದೆ.