ಹತ್ತು ದಿನದ ಅಳಿಯ

ಡಿಸೆಂಬರ್ ಬಂತೆಂದರೆ ಬೆಳಗಾವಿಯ ರಸ್ತೆಗಳಿಗೆ ಮದುವೆ ಮನೆಯ ಕಳೆ ಬರುತ್ತದೆ. ಹನ್ನೊಂದು ತಿಂಗಳು ಬಾಯಿ ತೆರೆದುಕೊಂಡಿದ್ದ ಗುಂಡಿಗಳು ಒಂದೇ ರಾತ್ರಿ ಬಾಯಿ ಮುಚ್ಚುತ್ತವೆ. ಡಿವೈಡರಿಗೆ ಕಪ್ಪು-ಬಿಳಿ ಬಣ್ಣ ಬೀಳುತ್ತದೆ. ಕೆಟ್ಟು ಕೂತಿದ್ದ ಬೀದಿದೀಪಗಳಿಗೆ ಹಠಾತ್ತನೆ ಜ್ಞಾನೋದಯ. ಲಾಡ್ಜಿನಲ್ಲಿ ರೂಮ್ ಕೇಳಿದರೆ ಹುಡುಗ ತಲೆ ಎತ್ತದೇ ಹೇಳುತ್ತಾನೆ: "ಅಧಿವೇಶನ ಐತ್ರಿ, ರೂಮ್ ಇಲ್ಲ."

ಅಳಿಯ ಬರುತ್ತಿದ್ದಾನೆ, ಅಷ್ಟೇ.

ನಮ್ಮ ಕಡೆ ಅಳಿಯ ಹಬ್ಬಕ್ಕೆ ಬಂದರೆ ಮನೆಗೆ ಸುಣ್ಣ ಬಳಿಯುವುದು ವಾಡಿಕೆ. ಅವನು ಉಂಡು, ಮಲಗಿ, ಮಾವನ ಕಷ್ಟಕ್ಕೆ ಒಂದೆರಡು ಸಲ "ಹೌದಲ್ರಿ ಪಾಪ" ಅಂದು, ಕುಂದಾ ಕಟ್ಟಿಸಿಕೊಂಡು ಹೊರಡುತ್ತಾನೆ. ವಿಧಾನಮಂಡಲದ ಚಳಿಗಾಲದ ಅಧಿವೇಶನಕ್ಕೆ ಬರುವ ಸರ್ಕಾರವೂ ಹಾಗೆಯೇ. ಬೆಂಗಳೂರಿನ ವಿಧಾನಸೌಧದ ಕಡತ, ಕಂಪ್ಯೂಟರು, ಸಿಬ್ಬಂದಿ, ಪೊಲೀಸರು ಎಲ್ಲವನ್ನೂ ಹೇರಿಕೊಂಡು ಸುಮಾರು 500 ಕಿಲೋಮೀಟರ್ ಬರುತ್ತದೆ. ಹತ್ತು ದಿನ ಇರುತ್ತದೆ. ಹೇರಿಕೊಂಡು ವಾಪಸ್ ಹೋಗುತ್ತದೆ. ಇದಕ್ಕೆ ಭಾಷಣದಲ್ಲಿ ಅಧಿಕಾರ ವಿಕೇಂದ್ರೀಕರಣ ಎನ್ನುತ್ತಾರೆ. ನಾವು ಶಾಲೆಯಲ್ಲಿದ್ದಾಗ ಇದನ್ನೇ ಶೈಕ್ಷಣಿಕ ಪ್ರವಾಸ ಅನ್ನುತ್ತಿದ್ದೆವು.

ಅಳಿಯನಿಗೆಂದು ಕಟ್ಟಿಸಿದ ಮನೆಯೂ ಸಣ್ಣದಲ್ಲ. ಸುಮಾರು 400 ಕೋಟಿ ರೂಪಾಯಿಯ ಸುವರ್ಣ ವಿಧಾನಸೌಧ. 2012ರ ಅಕ್ಟೋಬರ್ 11ರಂದು ರಾಷ್ಟ್ರಪತಿ ಪ್ರಣವ್ ಮುಖರ್ಜಿ ಬಂದು ಉದ್ಘಾಟಿಸಿದರು. ಹೆದ್ದಾರಿಯಲ್ಲಿ ಹೋಗುವಾಗ ನೋಡಬೇಕು, ಬೆಳ್ಳಗೆ, ಭರ್ಜರಿಯಾಗಿ ಕಾಣುತ್ತದೆ. ಬಸ್ಸಿನಲ್ಲಿ ಮಕ್ಕಳು "ಇದ್ಯಾರ ಮನಿ?" ಎಂದು ಕೇಳುತ್ತಾರೆ. ದೊಡ್ಡವರು ಕಿಟಕಿಯಾಚೆ ನೋಡುತ್ತಾರೆ.

ಆ ಕಟ್ಟಡ ಉಳಿದ ತಿಂಗಳು ಏನು ಮಾಡುತ್ತದೆ ಎಂಬ ಪ್ರಶ್ನೆಗೆ ಸರಿಯಾದ ಉತ್ತರ ಕೊಟ್ಟವರು ಇದುವರೆಗೆ ಒಬ್ಬರೇ. 2022ರ ಬೇಸಿಗೆಯಲ್ಲಿ ಅಲ್ಲಿ ಗುತ್ತಿಗೆಯ ಮೇಲೆ ಕೆಲಸ ಮಾಡುತ್ತಿದ್ದ ಒಬ್ಬ ಹೆಣ್ಣುಮಗಳು ಸೌಧದ ಮುಂದೆ ಬಟ್ಟೆ ಹಾಸಿ ಶಾವಿಗೆ, ಹಪ್ಪಳ ಒಣಹಾಕಿದರು. ಯೋಚಿಸಿ ನೋಡಿ. ಬಯಲು, ಬಿಸಿಲು, ಚೊಕ್ಕಟ ನೆಲ, ಸುತ್ತ ಕಾವಲು, ಕಾಗೆ ಬಿಟ್ಟರೆ ಬೇರೆ ವಿರೋಧ ಪಕ್ಷವಿಲ್ಲ. ಹಪ್ಪಳಕ್ಕೆ ಇದಕ್ಕಿಂತ ಒಳ್ಳೆ ಜಾಗ ಯಾವ ಊರಲ್ಲಿದೆ? 400 ಕೋಟಿಯ ಕಟ್ಟಡದಿಂದ ಒಬ್ಬ ಬಡವಿಯ ಮನೆಯ ತಾಟಿಗೆ ನೇರವಾಗಿ ಏನಾದರೂ ಹೋಗಿದ್ದರೆ ಅದು ಆ ಹಪ್ಪಳವೇ ಇರಬೇಕು. ನಡುವೆ ಮಧ್ಯವರ್ತಿ ಇಲ್ಲ, ಅರ್ಜಿ ಇಲ್ಲ, ಆಧಾರ್ ಜೋಡಣೆ ಇಲ್ಲ.

ಫೋಟೋ ವೈರಲ್ ಆಯಿತು. ಸರ್ಕಾರದ ಮಾನ ಹೋಯಿತು. ಹತ್ತು ವರ್ಷ ಖಾಲಿ ಬಿದ್ದಾಗ ಹೋಗದ ಮಾನ ಹಪ್ಪಳದಿಂದ ಹೋಯಿತು. ಆಕೆಯನ್ನು ಕೆಲಸದಿಂದ ತೆಗೆದರು. ಆ ಸೌಧದ ಇತಿಹಾಸದಲ್ಲಿ ಇಷ್ಟು ಬೇಗ ವಿಲೇವಾರಿಯಾದ ಕಡತ ಇನ್ನೊಂದು ಇರಲಾರದು. ಜನ ಛೀಮಾರಿ ಹಾಕಿದ ಮೇಲೆ ವಾಪಸ್ ತೆಗೆದುಕೊಂಡರಂತೆ. ನನಗಿರುವ ತಕರಾರು ಒಂದೇ. ಆಕೆಯನ್ನು ಪ್ರಾದೇಶಿಕ ಅಭಿವೃದ್ಧಿಯ ಸಲಹೆಗಾರರನ್ನಾಗಿ ಮಾಡಬೇಕಿತ್ತು.

ಅಧಿವೇಶನಕ್ಕೆ ಬರೋಣ. ಸರ್ಕಾರ ಮನೆ ಬಾಗಿಲಿಗೆ ಬಂದಿದೆಯಲ್ಲ ಎಂದು ಜನ ಬರುತ್ತಾರೆ. ಅವರಿಗೆ ಬಾಗಿಲು ತೋರಿಸುವುದಿಲ್ಲ, ಟೆಂಟ್ ತೋರಿಸುತ್ತಾರೆ. ಸುವರ್ಣ ಗಾರ್ಡನ್, ಕೊಂಡಸಕೊಪ್ಪ. ಕಬ್ಬಿನ ಬಾಕಿ ಕೇಳುವವರು, ಅಂಗನವಾಡಿಯವರು, ಅತಿಥಿ ಶಿಕ್ಷಕರು, ಮೀಸಲಾತಿಯವರು ಅಲ್ಲಿ ಸಾಲಾಗಿ ಕೂರುತ್ತಾರೆ. ಸಂಜೆ ಒಬ್ಬ ಸಚಿವರು ಬಂದು ಮನವಿ ಪತ್ರ ಸ್ವೀಕರಿಸುತ್ತಾರೆ. ಪತ್ರ ಸಚಿವರ ಕೈಯಿಂದ ಪಿ.ಎ. ಕೈಗೆ, ಪಿ.ಎ. ಕೈಯಿಂದ ಬ್ಯಾಗಿಗೆ. ಬ್ಯಾಗು ಬೆಂಗಳೂರಿಗೆ. ಆಮೇಲೆ ಆ ಪತ್ರ ಏನಾಯಿತು ಎಂದು ಕೇಳಬೇಕಾದರೆ ಅರ್ಜಿದಾರ ರಾತ್ರಿ ಬಸ್ ಹತ್ತಿ ಬೆಂಗಳೂರಿನ ಸರ್ಕಾರಿ ಕಚೇರಿಗಳ ಎಂ.ಎಸ್. ಬಿಲ್ಡಿಂಗಿಗೆ ಹೋಗಬೇಕು. ಮೊದಲು ಅವನೊಬ್ಬನೇ ಹೋಗುತ್ತಿದ್ದ. ಈಗ ಅವನ ಕಾಗದ ಮುಂಚೆಯೇ ಹೋಗಿ ಜಾಗ ಹಿಡಿದಿರುತ್ತದೆ. ಇದೂ ಒಂದು ಸುಧಾರಣೆಯೇ.

ಬೀದರಿನವನ ಪಾಡು ಇನ್ನೂ ಮಜವಾಗಿದೆ. ಬೆಂಗಳೂರು ಸುಮಾರು 700 ಕಿಲೋಮೀಟರ್ ದೂರ ಎಂಬುದು ಅವನ ಹಳೇ ಗೋಳು. ನಿನಗೆ ಹತ್ತಿರವಾಗಲಿ ಎಂದು ಬೆಳಗಾವಿಯಲ್ಲಿ ಸೌಧ ಕಟ್ಟಿಸಿದೆವು ಎಂದರು. ಅವನು ಕಲಬುರಗಿ, ವಿಜಯಪುರ ಅಂತ ಬಸ್ ಬದಲಿಸಿ ಬದಲಿಸಿ ಬೆಳಗಾವಿ ಮುಟ್ಟುವುದಕ್ಕಿಂತ, ರೈಲಿನಲ್ಲಿ ಮಲಗಿ ಬೆಂಗಳೂರಿಗೆ ಹೋಗುವುದೇ ಸಲೀಸು. ಬೆಂಗಳೂರಿನ ನಕ್ಷೆಯಲ್ಲಿ ತುಮಕೂರು ದಾಟಿದರೆ ಎಲ್ಲಾ "ಉತ್ತರ ಕರ್ನಾಟಕ". ಒಂದೇ ಊರು, ಒಂದೇ ಜೋಳದ ರೊಟ್ಟಿ.

ಹಾಗಂತ ಈ ಭಾಗಕ್ಕೆ ಏನೂ ಕೊಟ್ಟಿಲ್ಲ ಅನ್ನಬಾರದು. ಹೆಸರು ಕೊಟ್ಟಿದ್ದಾರೆ. 2019ರಲ್ಲಿ ಹೈದರಾಬಾದ್ ಕರ್ನಾಟಕ ಕಲ್ಯಾಣ ಕರ್ನಾಟಕವಾಯಿತು. 2021ರಲ್ಲಿ ಮುಂಬೈ ಕರ್ನಾಟಕ ಕಿತ್ತೂರು ಕರ್ನಾಟಕವಾಯಿತು. ಹೆಸರೇ ಕಲ್ಯಾಣ ಎಂದಾದ ಮೇಲೆ ಬೇರೆ ಕಲ್ಯಾಣ ಕೇಳುವುದು ದುರಾಸೆ ಅಲ್ವಾ?

ವರದಿಯನ್ನೂ ಕೊಟ್ಟಿದ್ದಾರೆ. ಪ್ರಾದೇಶಿಕ ಅಸಮತೋಲನ ಅಳೆಯಲು ನೇಮಿಸಿದ್ದ ಡಾ. ಡಿ.ಎಂ. ನಂಜುಂಡಪ್ಪ ಸಮಿತಿ 2002ರಲ್ಲಿ ವರದಿ ಕೊಟ್ಟಿತು. ಆಗಿದ್ದ 175 ತಾಲ್ಲೂಕುಗಳಲ್ಲಿ 114 ಹಿಂದುಳಿದಿವೆ ಎಂದಿತು. ಅದರಲ್ಲೂ ದರ್ಜೆ ಇದೆ. 39 ಅತ್ಯಂತ ಹಿಂದುಳಿದವು, 40 ಅತಿ ಹಿಂದುಳಿದವು, 35 ಬರೀ ಹಿಂದುಳಿದವು. ಬರೀ ಹಿಂದುಳಿದವರನ್ನು ಕಂಡರೆ ಅತ್ಯಂತ ಹಿಂದುಳಿದವರಿಗೆ ಹೊಟ್ಟೆಕಿಚ್ಚು. 39ರ ಪೈಕಿ 26 ಉತ್ತರದವು. ಮಿಕ್ಕ 13 ದಕ್ಷಿಣದವು ಎಂಬುದನ್ನು ಉತ್ತರದ ಭಾಷಣಕಾರರು ಹೇಳುವುದಿಲ್ಲ, ದಕ್ಷಿಣದವರಿಗೆ ಗೊತ್ತೇ ಇಲ್ಲ.

ವರದಿ ಬಂದ ಮೇಲೆ ಸರ್ಕಾರ ಸುಮ್ನೆ ಕೂರಲಿಲ್ಲ. ಹೊಸ ತಾಲ್ಲೂಕುಗಳನ್ನು ಮಾಡಿತು. ಈಗ 230 ದಾಟಿವೆ. ಒಂದು ಹಿಂದುಳಿದ ತಾಲ್ಲೂಕನ್ನು ಎರಡು ಮಾಡಿದರೆ ಪ್ರತಿಯೊಂದಕ್ಕೂ ಅರ್ಧರ್ಧ ಹಿಂದುಳಿಯುವಿಕೆ ಬರುತ್ತದೆ. ಹಿಂದುಳಿಯುವಿಕೆಯನ್ನೇ ವಿಕೇಂದ್ರೀಕರಿಸಿದ ರಾಜ್ಯ ನಮ್ಮದು. ಹೊಸ ತಾಲ್ಲೂಕಿಗೆ ಮೊದಲು ಬರುವುದು ಬೋರ್ಡು. ಆಮೇಲೆ ತಹಶೀಲ್ದಾರರು. ಕಚೇರಿಗೆ ಕಟ್ಟಡ ಬರುವವರೆಗೆ ಯಾವುದೋ ಹಳೇ ಕಟ್ಟಡದ ಎರಡು ಕೋಣೆ ಸಾಕು. ಇಷ್ಟಾದ ಮೇಲೂ ಅಸಮತೋಲನ ಉಳಿದಿದೆಯಾ ಎಂದು ನೋಡಲು 2024ರಲ್ಲಿ ಪ್ರೊ. ಗೋವಿಂದ ರಾವ್ ಅಧ್ಯಕ್ಷತೆಯಲ್ಲಿ ಇನ್ನೊಂದು ಸಮಿತಿಯಾಯಿತು. ಕಪಾಟಿನಲ್ಲಿ ನಂಜುಂಡಪ್ಪ ವರದಿಗೆ ಒಬ್ಬಂಟಿತನ ಕಾಡುತ್ತಿತ್ತೋ ಏನೋ.

ಈಗ ನಿಜವಾದ ಹೊಟ್ಟೆನೋವಿನ ಮಾತು. ಅಧಿಕಾರ ಹಂಚುವುದಕ್ಕೆ ಈ ರಾಜ್ಯಕ್ಕೆ ಹೊಸದಾಗಿ ಕಲಿಯಬೇಕಾದ್ದು ಏನೂ ಇಲ್ಲ. 1983ರ ಪಂಚಾಯಿತಿ ಕಾಯ್ದೆ ನಮ್ಮದು. 'ನೀರ್ ಸಾಬ್' ಎಂದು ಹಳ್ಳಿಯವರು ಕರೆಯುತ್ತಿದ್ದ ಆಗಿನ ಸಚಿವ ಅಬ್ದುಲ್ ನಜೀರ್ ಸಾಬ್ ಪಟ್ಟು ಹಿಡಿದು ಮಾಡಿಸಿದ್ದು. 1987ರಲ್ಲಿ ಚುನಾವಣೆ ನಡೆದು ಜಿಲ್ಲಾ ಪರಿಷತ್ತುಗಳು ಬಂದವು. ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ದರ್ಜೆ ಕೊಟ್ಟಿದ್ದರು! ದೇಶದ ಪಂಚಾಯಿತಿಗಳಿಗೆಲ್ಲ ಬಲ ಕೊಟ್ಟ ಸಂವಿಧಾನದ 73ನೇ ತಿದ್ದುಪಡಿ ಬಂದಿದ್ದೇ ಆರು ವರ್ಷ ಆದಮೇಲೆ. ದೇಶದವರೆಲ್ಲ ಬಂದು ನೋಡಿ ಹೋಗುತ್ತಿದ್ದ ಕಾಲ ಅದು.

ಈಗ ಬಂದು ನೋಡಿದರೆ ಕಾಣುವುದು ಬೀಗ. ಜಿಲ್ಲಾ ಪಂಚಾಯಿತಿ, ತಾಲ್ಲೂಕು ಪಂಚಾಯಿತಿಗಳಿಗೆ 2016ರಲ್ಲಿ ಚುನಾವಣೆ ಆಯಿತು, 2021ರಲ್ಲಿ ಅವಧಿ ಮುಗಿಯಿತು. ಅಲ್ಲಿಂದ ಆಡಳಿತಾಧಿಕಾರಿಗಳ ರಾಜ್ಯಭಾರ. ಒಂದು ವರ್ಷ ಕ್ಷೇತ್ರ ಪುನರ್ವಿಂಗಡಣೆ, ಇನ್ನೊಂದು ವರ್ಷ ಮೀಸಲಾತಿ ಪಟ್ಟಿ, ಆಮೇಲೆ ಕೋರ್ಟು, ಮತ್ತೆ ಪಟ್ಟಿ. ಪಕ್ಷ ಬದಲಾಯಿತು, ಮುಖ್ಯಮಂತ್ರಿ ಬದಲಾದರು, ಕಾರಣಗಳು ಮಾತ್ರ ಅವವೇ. ಎಲ್ಲಾ ಪಕ್ಷಗಳೂ ಒಪ್ಪಿ ನಡೆಸುತ್ತಿರುವ ಏಕೈಕ ಕಾರ್ಯಕ್ರಮ ಇದು. ಜಿಲ್ಲಾ ಪಂಚಾಯಿತಿ ಸದಸ್ಯ ಅಂದರೆ ನಾಳೆ ಶಾಸಕರ ಟಿಕೆಟಿಗೆ ಟವೆಲ್ ಹಾಕುವವನು. ಯಾವ ಶಾಸಕ ತಾನೇ ತನ್ನ ಸೀಟಿಗೆ ಟವೆಲ್ ಹಾಕಿಸಿಕೊಳ್ಳುತ್ತಾನೆ ಹೇಳಿ? ಮನೆ ಹಂಚುವ ಆಶ್ರಯ ಸಮಿತಿಗೂ ಅವರೇ ಅಧ್ಯಕ್ಷರು, ಚರಂಡಿ ಪೂಜೆಗೂ ಅವರೇ ಗುದ್ದಲಿ.

ಬೆಂಗಳೂರಿನವರು ನಗಬೇಡಿ. ನಿಮ್ಮ ಪಾಲಿಕೆ ಸದಸ್ಯರ ಅವಧಿ 2020ರ ಸೆಪ್ಟೆಂಬರಿನಲ್ಲೇ ಮುಗಿದು, ವರ್ಷಗಟ್ಟಲೆ ಕಸಕ್ಕೆ ಬೈಯಲು ಒಬ್ಬ ಕಾರ್ಪೊರೇಟರೂ ಇಲ್ಲದೆ ಕಳೆದಿರಿ. 2025ರಲ್ಲಿ ಪಾಲಿಕೆಯನ್ನು ಐದು ಮಾಡಿದರು. ಐದರ ತಲೆಯ ಮೇಲೆ ಒಂದು ಪ್ರಾಧಿಕಾರ, ಪ್ರಾಧಿಕಾರದ ತಲೆಯ ಮೇಲೆ ಮುಖ್ಯಮಂತ್ರಿ. ಐದು ಬೆರಳು ಬಿಡಿಸಿದಂತೆ ಕಂಡರೂ ಮುಷ್ಟಿ ಒಂದೇ.

ನಮ್ಮೂರಲ್ಲೊಬ್ಬ ಜಿ.ಪಂ. ಆಕಾಂಕ್ಷಿ ಇದ್ದಾನೆ. 2020ರಿಂದ ಆಕಾಂಕ್ಷಿ. ಯುಗಾದಿ, ಗಣೇಶ ಚೌತಿ, ದೀಪಾವಳಿ, ಶಾಸಕರ ಹುಟ್ಟುಹಬ್ಬ, ಒಂದನ್ನೂ ಬಿಡದೆ ಬಸ್‌ಸ್ಟ್ಯಾಂಡಿನಲ್ಲಿ ಫ್ಲೆಕ್ಸ್ ಕಟ್ಟಿಸುತ್ತಾನೆ. ಮೊದಲ ಫ್ಲೆಕ್ಸಿನಲ್ಲಿ ಕಪ್ಪು ಕೂದಲಿತ್ತು. ಈಗ ಹಣೆ ಮೇಲಕ್ಕೆ ಹೋಗಿದೆ. ಎರಡು ಎಕರೆಯೂ ಹೋಗಿದೆ ಎಂದು ಅವನ ಹೆಂಡತಿ ನಮ್ಮ ಮನೆಯಲ್ಲಿ ಹೇಳಿಕೊಂಡಳು. ಈ ದೀಪಾವಳಿಯ ಫ್ಲೆಕ್ಸಿನಲ್ಲಿ ಮೂಲೆಯಲ್ಲೊಂದು ಸಣ್ಣ ಹುಡುಗನ ಫೋಟೋ ಹೊಸದಾಗಿ ಕಂಡಿತು. ಕೈ ಮುಗಿದು ನಿಂತಿದ್ದಾನೆ. ಏಳನೇ ಕ್ಲಾಸಿನಲ್ಲಿ ಓದುವ ಇವನ ಮಗ.

"ಇವನ್ಯಾಕೋ ಮಾರಾಯಾ?" ಎಂದೆ.

"ಇರ್ಲಿ ಬಿಡ್ರಿ ಸರ," ಅಂದ, ಹಗ್ಗ ಬಿಗಿ ಮಾಡುತ್ತಾ. "ಎಲೆಕ್ಷನ್ ಬರೂದ್ರಾಗ ಅವಂಗ ಇಪ್ಪತ್ತೊಂದು ತುಂಬಿರ್ತಾವ."