‘ರೋಡಿಯೊ ವಿರೋಧಿ’ ಎಂದು ಕರೆಸಿಕೊಳ್ಳಬೇಕೇ?

ಪರ: ಸುತ್ತಿ ಬಳಸದೆ ಹೇಳುವ ಪದ

ಸ್ಪ್ಯಾನಿಷ್ ಭಾಷೆಯಲ್ಲಿ ‘ರೊದೆಯಾರ್’ ಎಂದರೆ ಸುತ್ತುಗಟ್ಟುವುದು. ಬಯಲಲ್ಲಿ ಚದುರಿ ಮೇಯುವ ದನಗಳನ್ನು ಕುದುರೆಯ ಮೇಲೆ ಹೋಗಿ ಒಂದೆಡೆ ಕೂಡಿಸುವ ಕೆಲಸ ‘ರೊದೆಯೊ’. ಮೆಕ್ಸಿಕೊದ ದನಗಾಹಿಗಳಿಂದ ಅಮೆರಿಕದ ಕೌಬಾಯ್‌ಗಳ ಬಾಯಿಗೆ ಬಿದ್ದು ಅದು ರೋಡಿಯೊ ಆಯಿತು, ದನ ಕುದುರೆಗಳೊಡನೆ ಸವಾರರು ಜನರ ಮುಂದೆ ಆಡುವ ಪಂದ್ಯದ ಹೆಸರಾಯಿತು. ಅದೇ ಪದಕ್ಕೆ ಸ್ಪ್ಯಾನಿಷ್‌ನಲ್ಲಿ ಸುತ್ತುದಾರಿ, ಸುತ್ತುಬಳಸಿನ ಮಾತು ಎಂಬ ಅರ್ಥವೂ ಇದೆ. ‘ಸಿನ್ ರೊದೆಯೊಸ್’ ಎಂದರೆ ಥೇಟ್ ನಮ್ಮ ‘ಸುತ್ತಿ ಬಳಸದೆ’.

ರೋಡಿಯೊ ನಡೆಯಬಾರದು ಎನ್ನುವ ನಿಲುವಿಗೆ ಇಂಗ್ಲಿಷಿನವರು ‘ಆಂಟಿ-ರೋಡಿಯೊ’ ಎಂದು ನಡುವೆ ಅಡ್ಡಗೆರೆ ಎಳೆಯುತ್ತಾರೆ. ಸ್ಪ್ಯಾನಿಷಿನವರು ಒಂದು ರಕಾರ ಹೆಚ್ಚಿಗೆ ಒತ್ತಿ ‘ಆಂತಿರ್ರೊದೆಯೊ’ ಎಂದು ಒಂದೇ ಪದ ಮಾಡುತ್ತಾರೆ. ನಮ್ಮಲ್ಲಿ ‘ರೋಡಿಯೊ ವಿರೋಧಿ’. ಕಾನೂನಿಗೂ, ಕರಪತ್ರಕ್ಕೂ, ಚಳವಳಿಗೂ, ಮನುಷ್ಯನಿಗೂ ಇದೊಂದೇ ಪದ ಹೊಂದುತ್ತದೆ. ಇದನ್ನು ನನಗೆ ಅಂಟಿಸಿದರೆ ಕಿತ್ತು ಹಾಕುವುದಿಲ್ಲ ಎಂದು ಹೇಳಲು ಈ ಬರಹ.

ನಾನು ಅಮೆರಿಕದ ಹ್ಯೂಸ್ಟನ್ನಿಗೆ ಬಂದ ಹೊಸತರಲ್ಲಿ ಒಂದು ಶುಕ್ರವಾರ ಆಫೀಸಿನ ಅರ್ಧದಷ್ಟು ಜನ ಉದ್ದ ಬೂಟು, ಅಗಲ ಟೋಪಿ ತೊಟ್ಟು ಬಂದಿದ್ದರು. ಅವತ್ತು ಗೋ ಟೆಕ್ಸನ್ ಡೇ, ಊರಿನ ದೊಡ್ಡ ರೋಡಿಯೊಗೆ ಮುನ್ನ ಎಲ್ಲರೂ ಕೌಬಾಯ್ ವೇಷ ಹಾಕುವ ದಿನ. ಮಗಳ ಶಾಲೆಯಲ್ಲೂ ಅದೇ ವೇಷ. ದೂರದೂರದಿಂದ ಕುದುರೆ, ಗಾಡಿಗಳ ಮೇಲೆ ಜನ ಊರೊಳಗೆ ಬರುತ್ತಾರೆ. ನೋಡಲು ಜಾತ್ರೆಯಷ್ಟೇ ಚೆಂದ, ಸುಳ್ಳು ಹೇಳಲಾರೆ. ಮಾಮೂಲಾಗಿ ಇಲ್ಲಿನ ಕನ್ನಡದವರು ರೋಡಿಯೊಗೆ ಹೋಗುವುದು ಸಂಗೀತಕ್ಕೆ, ತಿಂಡಿಗೆ. ದನದ ಆಟಗಳ ಹೊತ್ತಿಗೆ ಎಷ್ಟೋ ಮಂದಿ ಪಾರ್ಕಿಂಗ್ ಹುಡುಕುತ್ತಿರುತ್ತಾರೆ.

ಆ ಆಟವನ್ನು ನಾನು ಕೂತು ನೋಡಿದ್ದು ಬೇರೆ ಒಂದು ಸಣ್ಣ ಊರಿನಲ್ಲಿ. ಬಾಗಿಲು ತೆರೆದದ್ದೇ ಒಂದು ಕರು ಬಾಲ ಎತ್ತಿ ಓಡಿತು. ಹಿಂದೆ ಕುದುರೆ. ಕುಣಿಕೆ ಕರುವಿನ ಕತ್ತಿಗೆ ಬಿತ್ತು, ಕುದುರೆ ಗಕ್ಕನೆ ನಿಂತಿತು, ಕರು ಹಗ್ಗದ ತುದಿಯಲ್ಲಿ ಹಿಂದಕ್ಕೆ ಜಗ್ಗಿ ಬಿತ್ತು. ಸವಾರ ಇಳಿದು ಓಡಿ, ಅದನ್ನೆತ್ತಿ ಅಡ್ಡ ಕೆಡವಿ, ಮೂರು ಕಾಲು ಸೇರಿಸಿ ಕಟ್ಟಿ ಕೈ ಮೇಲೆತ್ತಿದ. ಕಟ್ಟು 6 ಸೆಕೆಂಡ್ ನಿಲ್ಲಬೇಕು. ಆ 6 ಸೆಕೆಂಡ್ ಇಡೀ ಗ್ಯಾಲರಿ ಕರುವನ್ನೇ ನೋಡುತ್ತಿತ್ತು, ಆದರೆ ಕರುವಿಗಾಗಿ ಅಲ್ಲ. ಪಕ್ಕದಲ್ಲಿದ್ದ ಗೆಳೆಯ ನನ್ನ ಮುಖ ನೋಡಿ, ‘ನೀನು ಆಂಟಿ-ರೋಡಿಯೊನಾ?’ ಎಂದು ನಕ್ಕ. ‘ಹಾಗೇನಿಲ್ಲ, ಆದರೆ...’ ಎಂದೆ. ಆ ‘ಆದರೆ’ಯಿಂದ ಮುಂದೆ ನಾನು ಆಡಿದ್ದೆಲ್ಲ ಸ್ಪ್ಯಾನಿಷ್ ಅರ್ಥದ ರೊದೆಯೊ.

ಕೊಟ್ಟಿಗೆಯ ಕೆಲಸವೇ ಆಟವಾಗಿದೆ, ಅದರಲ್ಲೇನು ತಪ್ಪು ಎನ್ನುತ್ತಾರೆ. ರ‍್ಯಾಂಚುಗಳಲ್ಲಿ ಔಷಧಿ ಹಾಕಲು, ಗುರುತು ಹಾಕಲು ಕರುವಿಗೆ ಹಗ್ಗ ಹಾಕುವುದುಂಟು. ಆದರೆ ಅಲ್ಲಿ ಕರು ಕುಂಟಿದರೆ ನಷ್ಟ ಒಡೆಯನಿಗೇ, ಹಾಗಾಗಿ ಅವನು ಮೆಲ್ಲಗೆ ಹಿಡಿಯುತ್ತಾನೆ. ಅದೇ ಕೆಲಸದ ಪಕ್ಕ ಗಡಿಯಾರ ಇಟ್ಟರೆ ಮೆಲ್ಲಗೆ ಹಿಡಿದವನು ಸೋಲುತ್ತಾನೆ. ಇನ್ನು ಗೂಳಿಯ ಬೆನ್ನೇರಿ ಒಂದೇ ಕೈಯಲ್ಲಿ 8 ಸೆಕೆಂಡ್ ಕೂರುವ ಕೆಲಸ ಯಾವ ಕೊಟ್ಟಿಗೆಯಲ್ಲಿತ್ತು? ಪಳಗಿದ ದನವನ್ನು ಬಯಸುವವನು ಅದು ಹಾರಲಿ ಎಂದು ಹೊಟ್ಟೆಗೆ ಪಟ್ಟಿ ಬಿಗಿಯುತ್ತಾನೆಯೇ?

ಹೆಸರೆತ್ತಿ ಹೇಳಬೇಕು ಎನ್ನುವುದಕ್ಕೆ ಇನ್ನೊಂದು ಕಾರಣವಿದೆ. ಅಮೆರಿಕದ ಪ್ರಾಣಿ ಕಲ್ಯಾಣ ಕಾಯ್ದೆ ಪ್ರಾಣಿ ಪ್ರದರ್ಶಕರು ಯಾರು ಎಂದು ವಿವರಿಸುವಲ್ಲಿ ರೋಡಿಯೊವನ್ನು ಹೆಸರು ಹಿಡಿದೇ ಹೊರಗಿಟ್ಟಿದೆ. ಚಿಲಿ ದೇಶಕ್ಕೆ ರೊದೆಯೊ 1962ರಿಂದ ರಾಷ್ಟ್ರೀಯ ಕ್ರೀಡೆ. ಅಲ್ಲಿ ಅರ್ಧಚಂದ್ರಾಕಾರದ ಅಂಕಣದಲ್ಲಿ ಇಬ್ಬರು ಸವಾರರು ಹೋರಿಯನ್ನು ಅಟ್ಟಿಸಿಕೊಂಡು ಹೋಗಿ ಗೋಡೆಗೆ ಒತ್ತಿ ನಿಲ್ಲಿಸುತ್ತಾರೆ. 2009ರಲ್ಲಿ ಆ ದೇಶ ಪ್ರಾಣಿ ರಕ್ಷಣೆಗೆ ಕಾನೂನು ತಂದಿತು, ಅದರೊಳಗೇ ರೊದೆಯೊಗೆ ವಿನಾಯಿತಿ ಬರೆಯಿತು. (ನಮ್ಮ ಪಂಚಾಂಗದಲ್ಲಿ ಅದು ವಿರೋಧಿ ಸಂವತ್ಸರ. ಚಿಲಿಗೆ ಗೊತ್ತಿರಲಿಲ್ಲ, ಪಾಪ.) ರೋಡಿಯೊವನ್ನು ಕಾಪಾಡುವವರು ಹೆಸರು ಹಿಡಿದು ಕಾಪಾಡಿದ್ದಾರೆ. ಬೇಡ ಎನ್ನುವವರು ಮಾತ್ರ ‘ಒಟ್ಟಾರೆ ಪ್ರಾಣಿಗಳ ಬಗ್ಗೆ ಕನಿಕರ’ ಎಂದು ತೊದಲಬೇಕೇ?

ಈಗ ಆ ಗೆಳೆಯ ಕೇಳಿದರೆ ‘ಹೌದು’ ಎನ್ನುತ್ತೇನೆ. ಆಮೇಲೆ ಅವನು ಜಗಳಕ್ಕೆ ಬರುತ್ತಾನೆ. ಬರಲಿ, ಕಾಫಿ ಇದೆ.

ವಿರೋಧ: ಯಾವ ರೋಡಿಯೊ?

ಮೇಲಿನ ಲೇಖನದ ಕರುವಿನ ಬಗ್ಗೆ ನನಗೆ ತಕರಾರಿಲ್ಲ. ಅದನ್ನು ನೋಡಿ ಯಾರ ಹೊಟ್ಟೆ ತೊಳಸಿದರೂ ಸರಿಯೇ. ನನ್ನ ತಕರಾರು ಪದದ ಮೇಲೆ.

ಒಂದು ಸಂಜೆಯ ರೋಡಿಯೊದಲ್ಲಿ ಏನೇನಿರುತ್ತದೆ? ಮೂರು ಪೀಪಾಯಿ ಇಟ್ಟು ಅವನ್ನು ಬಳಸಿ ಕುದುರೆ ಓಡಿಸುವ ಬ್ಯಾರೆಲ್ ರೇಸಿಂಗ್, ಹೆಚ್ಚಾಗಿ ಹೆಂಗಸರ ಆಟ. ಪಳಗದ ಕುದುರೆ ಏರುವುದು. ಗೂಳಿ ಏರುವುದು. ಎಳೆಯ ಹೋರಿಯ ಕೊಂಬು ಹಿಡಿದು ತಿರುಚಿ ಕೆಡವುವುದು. ಈ ಕೊನೆಯದನ್ನು ಶುರು ಮಾಡಿದವನೆಂದು ಹೆಸರಾದ ಬಿಲ್ ಪಿಕೆಟ್ ಎಂಬ ಕರಿಯ ಕೌಬಾಯ್ ಹೋರಿಯ ತುಟಿಯನ್ನೇ ಹಲ್ಲಲ್ಲಿ ಕಚ್ಚಿ ಕೆಡವುತ್ತಿದ್ದನಂತೆ. ಆಮೇಲೆ ಕರುವಿಗೆ ಹಗ್ಗ. ಒಂದೊಂದರಲ್ಲೂ ಪೆಟ್ಟು ತಿನ್ನುವವರು ಬೇರೆ. ಗೂಳಿ ಸವಾರಿಯಲ್ಲಿ ಎಷ್ಟೋ ಸಲ ಸಾಯುವವನು ಮನುಷ್ಯ: 1989ರಲ್ಲಿ ಅಮೆರಿಕದ ಶೈಯೆನ್ ಊರಿನಲ್ಲಿ ಲೇನ್ ಫ್ರಾಸ್ಟ್ ಎಂಬ ಹೆಸರಾಂತ ಸವಾರ ಗೂಳಿಯ ಕೊಂಬಿಗೆ ಸಿಕ್ಕು ಸತ್ತ, ಅವನಿಗೆ 25 ವರ್ಷ. ಪೀಪಾಯಿ ಓಟಕ್ಕೂ ನಮ್ಮ ಪೇಟೆಯ ಕುದುರೆ ರೇಸಿಗೂ ಎಷ್ಟು ದೂರ? ‘ರೋಡಿಯೊ ವಿರೋಧಿ’ ಎಂದವನು ಇದರಲ್ಲಿ ಯಾವುದು ಬೇಡ ಎನ್ನುತ್ತಿದ್ದಾನೆ? ಪದ ಹೇಳುವುದಿಲ್ಲ.

ಕಾನೂನಿನ ಮಾತು ಬಂದದ್ದು ಒಳ್ಳೆಯದಾಯಿತು. 1924ರಲ್ಲಿ ಲಂಡನ್ನಿನ ವೆಂಬ್ಲಿಯಲ್ಲಿ ಅಮೆರಿಕದಿಂದ ಬಂದವರು ದೊಡ್ಡ ರೋಡಿಯೊ ನಡೆಸಿದರು. ಹೋರಿಗೆ ಹಗ್ಗ ಎಸೆಯುವುದನ್ನು ಕಂಡು ಊರೆಲ್ಲ ಗದ್ದಲವಾಯಿತು. 1934ರಲ್ಲಿ ಬ್ರಿಟಿಷ್ ಸಂಸತ್ತು ಕಾನೂನು ಮಾಡಿತು. ಅದು ಏನನ್ನು ನಿಷೇಧಿಸಿತು ನೋಡಿ: ಪಳಗದ ಕುದುರೆಯನ್ನು, ತರಬೇತಿಯಿಲ್ಲದ ಹೋರಿಯನ್ನು ಹಗ್ಗದಿಂದ ಕೆಡವುವುದು, ಅಂಥ ಹೋರಿಯೊಡನೆ ಸೆಣಸುವುದು, ಹಾರಿ ಒದೆಯಲಿ ಎಂದು ಹಿಂಸೆಯಿಂದ ಕೆರಳಿಸಿದ ಪ್ರಾಣಿಯ ಮೇಲೆ ಸವಾರಿ. ಈ ನಿಷೇಧದ ಸಾಲುಗಳಲ್ಲಿ ‘ರೋಡಿಯೊ’ ಎಂಬ ಪದವೇ ಇಲ್ಲ. ಆದರೂ ಅಮೆರಿಕದ ಮಾದರಿಯ ರೋಡಿಯೊ ಅಲ್ಲಿ ಬೇರು ಬಿಡಲಿಲ್ಲ. ಕೆನಡಾದ ಸರ್ರಿ ಊರಿನ ಕ್ಲೋವರ್‌ಡೇಲ್ ರೋಡಿಯೊದಲ್ಲಿ 2007ರಲ್ಲಿ ಒಂದು ಕರು ಸತ್ತ ಮೇಲೆ ಕರುವಿಗೆ ಹಗ್ಗ ಹಾಕುವುದೂ ಸೇರಿ ನಾಲ್ಕು ಆಟಗಳನ್ನು ಕೈಬಿಟ್ಟರು. ಉಳಿದವು ನಡೆದವು. ಇದು ಅರ್ಧ ಗೆಲುವು ಎಂದು ಮೂಗು ಮುರಿಯಬಹುದು. ಆ ನಾಲ್ಕು ಆಟಗಳಿಗೆ ಬರಬೇಕಿದ್ದ ದನಗಳಿಗೆ ಅದು ಅರ್ಧವಲ್ಲ.

ಇಡಿಯಾಗಿ ಬೇಡ ಎಂದಾಗ ಇಡಿಯಾಗಿ ಎದ್ದು ನಿಲ್ಲುವವರು ಇದ್ದೇ ಇರುತ್ತಾರೆ. ಬ್ರೆಜಿಲ್‌ನಲ್ಲಿ ವಾಕೆಜಾಡ ಎಂಬ ಆಟವಿದೆ, ಕುದುರೆ ಸವಾರರಿಬ್ಬರು ಹೋರಿಯ ಬಾಲ ಹಿಡಿದೆಳೆದು ಕೆಡವುವುದು. 2016ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಅದಕ್ಕೆ ಅವಕಾಶ ಕೊಟ್ಟಿದ್ದ ರಾಜ್ಯದ ಕಾನೂನನ್ನು ರದ್ದು ಮಾಡಿತು. ಮರುವರ್ಷವೇ ಸಂವಿಧಾನವನ್ನೇ ತಿದ್ದಿ, ಸಂಸ್ಕೃತಿಯ ಭಾಗವಾದ ಇಂಥ ಆಟ ಕ್ರೌರ್ಯವಲ್ಲ ಎಂದು ಬರೆದರು. ಓದುವಾಗ ಎಲ್ಲೋ ಕೇಳಿದ ಕತೆ ಅನ್ನಿಸಿದರೆ ಆಶ್ಚರ್ಯವಿಲ್ಲ. ಜಲ್ಲಿಕಟ್ಟಿನ ಮೇಲೆ 2014ರಲ್ಲಿ ಬಂದ ತೀರ್ಪಿನ ಬಿಸಿ ಕಂಬಳಕ್ಕೂ ತಟ್ಟಿತು, 2017ರಲ್ಲಿ ಕರ್ನಾಟಕ ಕಂಬಳಕ್ಕೆ ಅವಕಾಶವಾಗುವಂತೆ ಕಾಯ್ದೆ ತಿದ್ದಿತು, 2023ರ ಮೇ 18ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಆ ತಿದ್ದುಪಡಿಯನ್ನು ಎತ್ತಿಹಿಡಿಯಿತು.

ಕಂಬಳವೂ ರೋಡಿಯೊವೂ ಒಂದೇ ಎನ್ನುತ್ತಿಲ್ಲ. ಕಂಬಳದಲ್ಲಿ ಯಾರೂ ಕೋಣವನ್ನು ಕೆಡವುವುದಿಲ್ಲ. ಆದರೆ ಒಂದು ಪದ ಏನು ಮಾಡಬಲ್ಲದು ಎಂದು ನಾನು ಕಂಡದ್ದು ಅಲ್ಲಿ. ಇಂಗ್ಲಿಷಿನ ‘ಆಂಟಿ’ ವಸ್ತುವಿನ ಮುಂದೆ ಕೂತು ಕಾನೂನನ್ನೋ ಕರಪತ್ರವನ್ನೋ ವರ್ಣಿಸಬಹುದು. ನಮ್ಮ ‘ವಿರೋಧಿ’ ಕೊನೆಯಲ್ಲಿ ಬರುತ್ತದೆ, ಬಂದದ್ದೇ ಎರಡು ಕಾಲು ಮೂಡಿ ಒಬ್ಬ ಮನುಷ್ಯನಾಗಿ ನಿಂತುಬಿಡುತ್ತದೆ. ಆಮೇಲೆ ಜನ ವಾದವನ್ನು ಕೇಳುವುದಿಲ್ಲ, ಆ ಮನುಷ್ಯ ಯಾವ ಕಡೆಯವನು ಎಂದು ನೋಡುತ್ತಾರೆ.

ನನ್ನ ಸೋದರಮಾವ ಕೋಣ ಸಾಕಿದವರು. ಹುರುಳಿ ಬೇಯಿಸಿ ತಿನ್ನಿಸಿ, ಎಣ್ಣೆ ಹಚ್ಚಿ, ಮಕ್ಕಳಿಗಿಂತ ಹೆಚ್ಚು ನೋಡಿಕೊಂಡವರು. ಅತ್ತೆಯ ದೂರೇ ಅದಾಗಿತ್ತು. ಅವರಿಗೆ ಇಷ್ಟವಾದದ್ದು ಕನೆಹಲಗೆ, ಹಲಗೆಯಿಂದ ಚಿಮ್ಮಿದ ನೀರು ಮೇಲೆ ಕಟ್ಟಿದ ನಿಶಾನೆಗೆ ತಾಗಬೇಕಾದ ಓಟ. ಕರೆಯಲ್ಲಿ, ಅಂದರೆ ಓಟದ ಕೆಸರುಗದ್ದೆಯಲ್ಲಿ, ಕೋಣದ ಬೆನ್ನಿಗೆ ಬಾಸುಂಡೆ ಬರುವ ಹಾಗೆ ಬಾರಿಸುವವರನ್ನು ಕಂಡರೆ ಅವರಿಗೆ ಆಗುತ್ತಿರಲಿಲ್ಲ. ‘ಹೊಡೆದರೆ ಯಾವ ಕೋಣವೂ ಓಡುತ್ತದೆ ಮಾರಾಯ. ಹೊಡೆಯದೆ ಓಡಿಸು ನೋಡುವ’ ಎಂದು ಅಂಗಳದಲ್ಲಿ ಕೂತು ಗೊಣಗುತ್ತಿದ್ದರು. 2017ರ ಗದ್ದಲದಲ್ಲಿ ಊರಿನ ಸಭೆಗೆ ಹೊರಟಾಗ, ಇದನ್ನು ಅಲ್ಲೂ ಹೇಳಿ ಮಾವ, ನಿಮ್ಮ ಮಾತು ಕೇಳುತ್ತಾರೆ ಎಂದೆ. ಅವರು ಶಾಲು ಕೊಡವಿ ಹೆಗಲಿಗೆ ಹಾಕಿಕೊಂಡರು. ‘ಹೇಳಿದರೆ ನಾಳೆಯಿಂದ ನಾನು ಕಂಬಳ ವಿರೋಧಿ’ ಎಂದರು.

ಸಭೆಯಲ್ಲಿ ಮುಂದಿನ ಸಾಲಲ್ಲಿ ಕೂತಿದ್ದರು. ಏನೂ ಮಾತಾಡಲಿಲ್ಲ.